ಹೊಳೆ ದಂಡೆಯ ಊರು ವಾರ್ಡ್ ಆದಾಗ

ಊರು ನಗರಸಭೆಗೆ ಸೇರಿದರ ಹೊಲಕ್ಕೆ ಬಂಗಾರದ ರೇಟು ಬರ್ತದ. ಈ ಮಾತು ನಮ್ಮ ಕಡೆ ಈಗ ಕಟ್ಟೆ ಕಟ್ಟೆಗೂ ಕೇಳುತ್ತದೆ. ಯಾದಗಿರಿ 2009ರ ಕೊನೆಗೆ ಜಿಲ್ಲೆ ಆದ ಮೇಲಂತೂ ಈ ಮಾತಿಗೆ ಕಾಲು ಬಂದಿವೆ. 2011ರ ಜನಗಣತಿಯಲ್ಲೇ ಯಾದಗಿರಿ ಪಟ್ಟಣದ ಜನ 74 ಸಾವಿರ ದಾಟಿದ್ದರು. ಶಹಾಪುರ, ಸುರಪುರ ಎರಡೂ 50 ಸಾವಿರ ದಾಟಿದ್ದವು. ಪ್ಯಾಟಿ ಬೆಳೆದಂತೆ ಮಗ್ಗುಲ ಊರು ಅದರ ಒಳಗೆ ಹೋಗುವುದು ಹೊಸದೇನಲ್ಲ. ಸುರಪುರದ ಬಗಲಿಗಿರುವ ರಂಗಂಪೇಟೆ ಇವತ್ತು ಸುರಪುರ ನಗರಸಭೆಯ ಒಳಗೇ ಇದೆ. ನಾಳೆ ಇನ್ನಷ್ಟು ಊರು ಹೋಗುತ್ತವೆ.

ಹೋಗಬೇಕೋ ಬ್ಯಾಡೋ ಎಂದು ಹೇಳಲು ನಾನು ಈ ಲೇಖನ ಬರೆಯುತ್ತಿಲ್ಲ. ಹೋಗುವ ಮೊದಲು ಒಂದು ಪ್ರಶ್ನೆ ಕೇಳಿರಿ ಅಂತ ಹೇಳಲಿಕ್ಕೆ ಬರೆಯುತ್ತಿದ್ದೇನೆ. ಆ ಪ್ರಶ್ನೆ ಇಷ್ಟೇ: ನಮ್ಮ ಚರಂಡಿ ಎಲ್ಲಿ ಹೋಗಿ ಮುಗಿಯುತ್ತದೆ? ಇದು ಸಣ್ಣ ಪ್ರಶ್ನೆ ಅನಿಸಬಹುದು. ನದಿ ದಂಡೆಯ ಒಂದು ಊರು ದೊಡ್ಡ ನಗರದೊಳಗೆ ಕರಗಿಹೋದದ್ದನ್ನು ಕಣ್ಣಾರೆ ನೋಡಿ ಬಂದ ಮೇಲೆ ಇದೇ ದೊಡ್ಡ ಪ್ರಶ್ನೆ ಅಂತ ನನಗೆ ಅನಿಸಿದೆ. ಆ ಊರು ಕೆಂಗೇರಿ.

ಕೆಂಗೇರಿಗೆ ನಾವು ಹೋಗುವುದು ಯಾಕೆ?

ನನ್ನದು ಶಹಾಪುರ ತಾಲೂಕು. ಆರು ಎಕರೆ ಎರಿ ಹೊಲ. ತೊಗರಿ, ಹತ್ತಿ, ಹಿಂಗಾರಿಗೆ ಬಿಳಿಜೋಳ. ನಾರಾಯಣಪುರ ಎಡದಂಡೆ ಕಾಲುವೆ ನಮ್ಮ ತಾಲೂಕಿಗೆ ಬಂದದ್ದು ಖರೆ, ಆದರೆ ನಮ್ಮ ಹೊಲ ಎತ್ತರಕ್ಕಿದೆ, ನೀರು ಹತ್ತುವುದಿಲ್ಲ. ಮಳೆ ಕೊಟ್ಟಷ್ಟು ಬೆಳೆ. ಇಂಥ ಊರುಗಳಿಂದ ರಾಶಿ ಮುಗಿದ ಕೂಡಲೇ ಜನ ಗುಳೆ ಹೋಗುವುದು ನಿಮಗೆಲ್ಲ ಗೊತ್ತೇ ಇದೆ. ಶಹಾಪುರ, ಸುರಪುರದವರು ಬಸ್ಸಿನಲ್ಲಿ ಯಾದಗಿರಿಗೆ ಬಂದು ಉದ್ಯಾನ ಎಕ್ಸ್‌ಪ್ರೆಸ್ ಹತ್ತಿದರೆ ಬೆಂಗಳೂರು. ನನ್ನ ಮಗಳು, ಅಳಿಯ ಕೆಂಗೇರಿ ಕಡೆ ಕಟ್ಟಡದ ಕೆಲಸಕ್ಕೆ ಹೋಗುತ್ತಾರೆ. ಮೊಮ್ಮಕ್ಕಳನ್ನು ನೋಡಿಕೊಳ್ಳಲಿಕ್ಕೆ ಅಂತ ಹೋದ ನಾನು ಅಲ್ಲಿ 15 ದಿನ ಇದ್ದೆ. ಹೊಲ ಇಲ್ಲದ ಊರಿನಲ್ಲಿ ರೈತನಿಗೆ ಹೊತ್ತು ಹೋಗುವುದಿಲ್ಲ. ಹೀಗಾಗಿ ದಿನಾ ಮುಂಜಾನೆ ಹೊಳೆಗುಂಟ ನಡೆದೆ. ಹಳಬರನ್ನು ಮಾತಾಡಿಸಿದೆ.

ಊರು ಹೇಗಿತ್ತು?

ಕೆಂಗೇರಿ ಮೈಸೂರು ರಸ್ತೆಯಲ್ಲಿದೆ. ಬೆಂಗಳೂರು ಮೆಜೆಸ್ಟಿಕ್‌ನಿಂದ ಹದಿನೈದು ಕಿಲೋಮೀಟರ್ ಆಸುಪಾಸು. ಮೈಸೂರು ರೈಲು ದಾರಿಯೂ ಇಲ್ಲಿಂದಲೇ ಹೋಗುತ್ತದೆ. ಮಗ್ಗುಲಲ್ಲಿ ವೃಷಭಾವತಿ ಹೊಳೆ. ಈ ಹೊಳೆ ಹುಟ್ಟುವುದು ಬಸವನಗುಡಿಯ ದೊಡ್ಡ ಬಸವಣ್ಣನ ಪಾದದ ಬುಡದಲ್ಲಿ ಅಂತ ಅಲ್ಲಿನ ಜನ ನಂಬುತ್ತಾರೆ. ವೃಷಭ ಅಂದರೆ ಎತ್ತು, ಅದಕ್ಕೇ ಈ ಹೆಸರು. ಒಕ್ಕಲಿಗನಿಗೆ ಇದಕ್ಕಿಂತ ಹತ್ತಿರದ ಹೆಸರಿನ ಹೊಳೆ ಯಾವುದಿದೆ? ಕೆಂಗೇರಿ ದಾಟಿ ಬಿಡದಿ ಕಡೆ ಹರಿದು, ಬೈರಮಂಗಲದ ಕೆರೆ ತುಂಬಿಸಿ, ಮುಂದೆ ಅರ್ಕಾವತಿಗೆ ಕೂಡುತ್ತದೆ. ಅರ್ಕಾವತಿ ಸಂಗಮದಲ್ಲಿ ಕಾವೇರಿಗೆ ಕೂಡುತ್ತದೆ.

ಹಳಬರು ಹೇಳುವ ಪ್ರಕಾರ ಅವರ ಚಿಕ್ಕಂದಿನಲ್ಲಿ ಈ ಹೊಳೆಯಲ್ಲಿ ಈಜು, ದನ ಮೈ ತೊಳೆಯುವುದು, ಬಟ್ಟೆ ಒಗೆಯುವುದು ಎಲ್ಲಾ ನಡೆಯುತ್ತಿತ್ತು. ಮರಳಲ್ಲಿ ವರತಿ ತೋಡಿದರೆ ಕುಡಿಯುವ ನೀರು ಬರುತ್ತಿತ್ತು. ನಮ್ಮ ಭೀಮಾ ದಂಡೆಯವರು ವರತಿ ತೋಡಿದ ಹಾಗೇ ಅಂದುಕೊಳ್ಳಿ. ಕೆಂಗೇರಿಗೆ ತನ್ನದೇ ಪುರಸಭೆ ಇತ್ತು. ತನ್ನ ಸದಸ್ಯರು, ತನ್ನ ಅಧ್ಯಕ್ಷರು. ನಲ್ಲಿ ಬರದಿದ್ದರೆ ಯಾರ ಮನೆ ಬಾಗಿಲು ಬಡಿಯಬೇಕು ಅಂತ ಜನರಿಗೆ ಗೊತ್ತಿತ್ತು.

2007ರ ಜನವರಿಯಲ್ಲಿ ಬೃಹತ್ ಬೆಂಗಳೂರು ಮಹಾನಗರ ಪಾಲಿಕೆ ಆಯಿತು. ಬೆಂಗಳೂರಿನ ಸುತ್ತಲಿದ್ದ ಏಳು ನಗರಸಭೆ, ಒಂದು ಪುರಸಭೆ, 110 ಹಳ್ಳಿ ಅದರಲ್ಲಿ ಸೇರಿದವು. ಆ ಒಂದೇ ಒಂದು ಪುರಸಭೆ ಕೆಂಗೇರಿ. ಅವತ್ತಿಗೆ ಊರಿನ ಸ್ವಂತ ಆಡಳಿತ ಮುಗಿಯಿತು.

ಓಟಿನ ಲೆಕ್ಕ

ಸೇರಿಸಿದ್ದು 2007ಕ್ಕೆ. ಹೊಸ ಪಾಲಿಕೆಗೆ ಮೊದಲ ಚುನಾವಣೆ ಆದದ್ದು 2010ರ ಮಾರ್ಚ್‌ಗೆ. ನಡುವಿನ ಮೂರು ವರ್ಷ ಕೆಂಗೇರಿಯವರು ಓಟು ಹಾಕಿ ಆರಿಸಿದ ಸದಸ್ಯ ಅಂತ ಯಾರೂ ಇರಲಿಲ್ಲ. ಚುನಾವಣೆ ಆದಾಗ ಒಟ್ಟು ವಾರ್ಡು 198. ಅದರಲ್ಲಿ ಕೆಂಗೇರಿ 159ನೆಯದು. ಮೊದಲು ಒಂದು ಸಭೆ ತುಂಬ ಕೆಂಗೇರಿಯ ಸದಸ್ಯರಿದ್ದರು. ಆಮೇಲೆ 198 ಮಂದಿಯ ಸಭೆಯಲ್ಲಿ ಒಬ್ಬರು. ಆ ಸಭೆಯ ಅವಧಿಯೂ 2020ರ ಸೆಪ್ಟೆಂಬರ್‌ಗೆ ಮುಗಿಯಿತು. ಅಲ್ಲಿಂದ ಐದು ವರ್ಷ ಚುನಾವಣೆಯೇ ಆಗಲಿಲ್ಲ. ಅಧಿಕಾರಿಗಳದೇ ಆಡಳಿತ. 2025ರಲ್ಲಿ ಗ್ರೇಟರ್ ಬೆಂಗಳೂರು ಪ್ರಾಧಿಕಾರ ಬಂದು, ಆ ಪಾಲಿಕೆಯೇ ಹೋಗಿ ಐದು ಪಾಲಿಕೆ ಆದವು. ಕೆಂಗೇರಿಯವರು ಸೇರಿದ ಮನೆಯೇ ಪಾಲಾಯಿತು ಅನ್ನಿ.

ಇದನ್ನು ಯಾಕೆ ಇಷ್ಟು ಹೇಳುತ್ತೇನೆ ಅಂದರೆ, ನಮ್ಮ ಗ್ರಾಮ ಪಂಚಾಯಿತಿ ಎಷ್ಟೇ ಕೆಟ್ಟದಿರಲಿ, ಸದಸ್ಯ ನಮ್ಮ ಓಣಿಯವನು. ಬೈದರೂ ಬೆಳಗಾದರೆ ಎದುರಿಗೇ ಸಿಗುತ್ತಾನೆ.

ಸೇರಿದ್ದಕ್ಕೆ ಸಿಕ್ಕದ್ದು

ನ್ಯಾಯವಾಗಿ ಹೇಳಬೇಕು. ಸೇರಿದ್ದರಿಂದ ಏನೂ ಸಿಗಲಿಲ್ಲ ಅಂತಲ್ಲ. ರಸ್ತೆ ಆಗಿವೆ, ಬೀದಿ ದೀಪ ಆಗಿವೆ. 2021ರ ಆಗಸ್ಟ್ ಕೊನೆಗೆ ಮೆಟ್ರೋ ರೈಲು ಕೆಂಗೇರಿಗೆ ಬಂತು. ನಾನೂ ಹತ್ತಿ ಇಳಿದೆ. ಕಾಲೇಜು, ಆಸ್ಪತ್ರೆ ಕೈಗೆಟುಕುವಷ್ಟು ಹತ್ತಿರ. ನಮ್ಮವರಿಗೆ ಕೂಲಿ ಸಿಗುವುದೂ ಈ ಬೆಳವಣಿಗೆಯಿಂದಲೇ.

ಆದರೆ ಸಿಗುವುದಕ್ಕೆ ಎಷ್ಟು ವರ್ಷ ಕಾಯಬೇಕಾಯಿತು ಅಂತಲೂ ನೋಡಬೇಕು. 2007ರಲ್ಲಿ ಸೇರಿಸಿದ 110 ಹಳ್ಳಿಗೆ ಅಂತ ಮಾಡಿದ ಕಾವೇರಿ ಐದನೇ ಹಂತದ ಯೋಜನೆ ಉದ್ಘಾಟನೆ ಆದದ್ದು 2024ರ ಅಕ್ಟೋಬರ್‌ನಲ್ಲಿ. 17 ವರ್ಷ! ಸೇರಿದ ವರ್ಷ ಹುಟ್ಟಿದ ಕೂಸು ಕಾಲೇಜಿಗೆ ಹೋಗುವ ವಯಸ್ಸಿಗೆ ನೀರು ಬಂತು.

ಹೊಲದ ರೇಟಿನ ಮಾತೂ ಹೀಗೇ. ರೇಟು ಬಂದದ್ದು ಖರೆ. ಬಂದದ್ದು ಮಾರಿದವನಿಗೆ, ಅದೂ ಒಂದೇ ಸಲ. ಕೃಷಿ ಭೂಮಿಯಲ್ಲೇ ಪರಿವರ್ತನೆ ಮಾಡಿಸದೆ ಸೈಟು ಹಾಕಿ ಮಾರಿದ ಕಡೆ, ಕೊಂಡವರಿಗೆ 'ಬಿ' ಖಾತೆಯ ತಾಪತ್ರಯ. ತೆರಿಗೆ ಕಟ್ಟಬೇಕು, ಆದರೆ ಪಕ್ಕಾ ಖಾತೆ ಇಲ್ಲ. ಇಂಥವರು ಕಚೇರಿ ಅಲೆಯುವುದನ್ನು ನಾನೇ ನೋಡಿದೆ.

ಹೊಳೆಗೆ ಏನಾಯಿತು?

ಹೊಳೆ ಕೆಟ್ಟದ್ದು 2007ಕ್ಕೆ ಅಲ್ಲ, ಅದಕ್ಕಿಂತ ಭಾಳ ಮೊದಲೇ. 1974ರಲ್ಲಿ ಬೆಂಗಳೂರಿಗೆ ಕಾವೇರಿ ನೀರಿನ ಮೊದಲ ಹಂತ ಬಂತು. ಆಮೇಲೆ ಒಂದೊಂದೇ ಹಂತ. ನೀರು ಮನೆಗೆ ಬಂದ ಮೇಲೆ ಮನೆಯಿಂದ ಹೊರಗೂ ಹೋಗಬೇಕಲ್ಲ? ಊರಿಗೆ ಕೊಟ್ಟ ನೀರಿನಲ್ಲಿ ನೂರಕ್ಕೆ 80 ಪಾಲು ಚರಂಡಿಗೆ ವಾಪಸು ಬರುತ್ತದೆ ಅಂತ ಎಂಜಿನಿಯರುಗಳು ಲೆಕ್ಕ ಹಿಡಿಯುತ್ತಾರೆ.

ನಮ್ಮ ರೈತರ ಲೆಕ್ಕದಲ್ಲಿ ಹೇಳುತ್ತೇನೆ. ಒಂದು ಎಕರೆಯಲ್ಲಿ ಒಂದಿಂಚು ನೀರು ನಿಲ್ಲಿಸಲಿಕ್ಕೆ ಸುಮಾರು ಒಂದು ಲಕ್ಷ ಲೀಟರ್ ಬೇಕು. ಕಾವೇರಿ ಐದನೇ ಹಂತ ಒಂದರಿಂದಲೇ ದಿನಕ್ಕೆ 77.5 ಕೋಟಿ ಲೀಟರ್ ಕೊಡುವ ಯೋಜನೆ. ಅದರ 80 ಪಾಲು ಅಂದರೆ 62 ಕೋಟಿ ಲೀಟರ್. 6 ಸಾವಿರ ಎಕರೆಗೆ ದಿನಾ ಒಂದಿಂಚು ಬಿಡುವಷ್ಟು ಬಚ್ಚಲ ನೀರು! ತೊಗರಿ ಹೂವಾಡುವ ಹೊತ್ತಿಗೆ ಎರಡಿಂಚು ಸಿಕ್ಕರೆ ಸಾಕು ಅಂತ ಮುಗಿಲು ನೋಡುವ ನಮಗೆ ಈ ಲೆಕ್ಕ ಕೇಳಿದರೆ ತಲೆ ತಿರುಗುತ್ತದೆ. ಈ ನೀರು ನಗರದ ಬೇರೆ ಬೇರೆ ಕಣಿವೆಗೆ ಹಂಚಿಹೋಗುತ್ತದೆ. ಅದರಲ್ಲಿ ಒಂದು ಕಣಿವೆ ವೃಷಭಾವತಿ.

ಹೀಗೆ ಮಳೆಗಾಲದ ಹೊಳೆ ವರ್ಷಪೂರ್ತಿ ಹರಿಯುವ ಹೊಳೆ ಆಯಿತು. ಹರಿಯುವುದು ಬಚ್ಚಲ ನೀರು, ಜೊತೆಗೆ ಕಾರ್ಖಾನೆ ನೀರು. ನೀರು ಶುದ್ಧ ಮಾಡುವ ಘಟಕಗಳನ್ನು ಮೈಸೂರು ರಸ್ತೆಗುಂಟ ಕಟ್ಟಿದ್ದಾರೆ, ಕೆಂಗೇರಿಯಲ್ಲೂ ಇದೆ. ಆದರೂ ಶುದ್ಧ ಆಗದ ನೀರು ಹೊಳೆಗೆ ಬೀಳುವುದು ನಿಂತಿಲ್ಲ. ಸೇತುವೆ ಮೇಲೆ ನಿಂತರೆ ಮೂಗು ಹೇಳುತ್ತದೆ, ಬೇರೆ ಸಾಕ್ಷಿ ಬೇಕಿಲ್ಲ.

ಸೇರಿದ್ದರಿಂದ ಏನಾಯಿತು ಅಂದರೆ, ಮೊದಲು ಕೆಂಗೇರಿ ಹೊಳೆಯ ಕೆಳಗಿನ ಊರಾಗಿತ್ತು. ಮೇಲಿನ ನಗರಕ್ಕೆ 'ಯಾಕ್ರೀ ಹೊಲಸು ಬಿಡ್ತೀರಿ' ಅಂತ ಕೇಳಬಹುದಾದ ಒಂದು ಪುರಸಭೆ ಅಲ್ಲಿತ್ತು. ಸೇರಿದ ಮೇಲೆ ಹೊಲಸು ಬಿಡುವವರೂ ತಾವೇ, ಮೂಗು ಮುಚ್ಚಿಕೊಳ್ಳುವವರೂ ತಾವೇ. ಕೇಳುವ ಬಾಯಿ ಒಂದು ಕಡಿಮೆ ಆಯಿತು. ಇನ್ನು ಕೇಳಬೇಕಾದವರು ನಗರದ ಗಡಿಯ ಆಚೆ ಇರುವ ರೈತರು. ಅವರಿಗೆ ಪಾಲಿಕೆಯಲ್ಲಿ ಓಟೇ ಇಲ್ಲ.

ಬೈರಮಂಗಲದ ಹಸಿರು

ಆ ರೈತರನ್ನು ನೋಡಬೇಕಂತಲೇ ಒಂದು ದಿನ ಬಿಡದಿಗೆ ಹೋಗಿ ಅಲ್ಲಿಂದ ಬೈರಮಂಗಲಕ್ಕೆ ಹೋದೆ. ಇದು ಹಳೆಯ ರಾಮನಗರ ಜಿಲ್ಲೆ. 2025ರಲ್ಲಿ ಬೆಂಗಳೂರು ದಕ್ಷಿಣ ಜಿಲ್ಲೆ ಅಂತ ಹೆಸರಾಯಿತು. ಅಲ್ಲಿನ ಕೆರೆಯನ್ನು 1940ರ ದಶಕದಲ್ಲಿ ನೀರಾವರಿಗೆ ಅಂತ ವೃಷಭಾವತಿಗೆ ಅಡ್ಡ ಕಟ್ಟಿದರು.

ದೂರದಿಂದ ನೋಡಿದರೆ ಹೊಟ್ಟೆಕಿಚ್ಚಾಗುತ್ತದೆ. ಬ್ಯಾಸಿಗಿಯಲ್ಲೂ ಕಣ್ಣು ಹಾಯಿಸಿದಷ್ಟು ಹಸಿರು. ನಮ್ಮ ಹೊಲ ಆ ಹೊತ್ತಿಗೆ ಬಿರುಕು ಬಿಟ್ಟು ಬಿದ್ದಿರುತ್ತದೆ. ಹತ್ತಿರ ಹೋದರೆ ಕೆರೆ ಕೋಡಿಯಲ್ಲಿ ಬಿಳಿ ನೊರೆ. ಬೆಳೆಯಲ್ಲಿ ಹೆಚ್ಚಿನದು ದನದ ಹುಲ್ಲು, ಬೇಬಿ ಕಾರ್ನ್. ಮೊದಲು ಭತ್ತ ಹೆಚ್ಚಿತ್ತಂತೆ. ಈ ನೀರಿಗೆ ಭತ್ತ ಬರೀ ಎತ್ತರ ಬೆಳೆದು ಜೊಳ್ಳಾಗುತ್ತದೆ ಅಂತ ಒಬ್ಬ ರೈತರು ಹೇಳಿದರು. ಗೊಬ್ಬರದ ಖರ್ಚು ಇಲ್ಲ, ಹುಲ್ಲು ಕೊಯ್ದಷ್ಟೂ ಬರುತ್ತದೆ, ಹಾಲಿನ ರೊಕ್ಕ ವಾರಕ್ಕೊಮ್ಮೆ ಕೈಗೆ ಬರುತ್ತದೆ. ಆದರೆ ನೀರು ಕಟ್ಟಲಿಕ್ಕೆ ಇಳಿದರೆ ಕಾಲು ತುರಿಕೆ. ಬಾವಿ ನೀರು ಕುಡಿಯುವಂತಿಲ್ಲ. ಸೊಳ್ಳೆ ಕಾಟ ಹೇಳತೀರದು. ಈ ನೀರಲ್ಲಿ ಬೆಳೆದ ಸೊಪ್ಪು ತರಕಾರಿಯಲ್ಲಿ, ಹಾಲಿನಲ್ಲಿ ಭಾರಲೋಹ ಸೇರುತ್ತದೆ ಅಂತ ವಿಜ್ಞಾನಿಗಳು ಪರೀಕ್ಷೆ ಮಾಡಿ ಹೇಳಿದ್ದಾರೆ. ಆ ಹಾಲು, ಆ ಸೊಪ್ಪು ಮತ್ತೆ ನಗರಕ್ಕೇ ಹೋಗುತ್ತದೆ. ಬಿಟ್ಟದ್ದು ಬಟ್ಟಲಿಗೇ ಬರುತ್ತದೆ.

ಇಷ್ಟಾದರೂ ಆ ರೈತರು ಆ ನೀರು ಬಿಡಲಾರರು. ಯಾಕೆ ಬಿಡಬೇಕು? ಬೇರೆ ನೀರು ಎಲ್ಲಿದೆ? ಒಣಬೇಸಾಯದ ನನಗೆ ಅವರ ಸಂಕಟ ತಟ್ಟನೆ ತಿಳಿಯಿತು. ವರ್ಷಪೂರ್ತಿ ಹರಿಯುವ ನೀರು ಎದುರಿಗಿದ್ದರೆ ಅದರ ಬಣ್ಣ ನೋಡದೆ ಹೊಲಕ್ಕೆ ತಿರುಗಿಸುವವರೇ ನಾವೆಲ್ಲ.

ಈಗ ಅವರಿಗೆ ಇನ್ನೊಂದು ಚಿಂತೆ ಬಂದಿದೆ. 2025ರಲ್ಲಿ ಬಿಡದಿ ಹತ್ತಿರ ಹೊಸ ಟೌನ್‌ಶಿಪ್ ಮಾಡಲಿಕ್ಕೆ ಅಂತ ಬೈರಮಂಗಲ, ಕಂಚುಗಾರನಹಳ್ಳಿ ಪಂಚಾಯಿತಿಯ ಸಾವಿರಾರು ಎಕರೆ ಭೂಸ್ವಾಧೀನಕ್ಕೆ ಸರಕಾರ ಹೊರಟಿತು. ರೈತರು ಧರಣಿ ಕೂತರು. ಮೊದಲು ನಗರದ ನೀರು ಬಂತು, ಹಿಂದಿನಿಂದ ನಗರವೇ ಬಂತು. ಒಂದು ಕಾಲಕ್ಕೆ ಕೆಂಗೇರಿ ಇದ್ದ ಜಾಗದಲ್ಲಿ ಈಗ ಅವರಿದ್ದಾರೆ.

ನಮ್ಮ ಭೀಮೆ, ನಮ್ಮ ಹಳ್ಳ

ಯಾದಗಿರಿ ಬೆಂಗಳೂರಲ್ಲ ಅಂತ ನೀವು ಅನ್ನಬಹುದು. ಹೌದು. ಅದಕ್ಕೇ ನಮಗೆ ಇನ್ನೂ ಹೊತ್ತಿದೆ ಅಂತ ನಾನು ಅನ್ನುವುದು. ಭೀಮೆ ಯಾದಗಿರಿ ಮಗ್ಗುಲಿಗೇ ಹರಿಯುತ್ತಾಳೆ. ಗುರುಸಣಗಿ ಬ್ಯಾರೇಜ್ ಅಲ್ಲೇ ಇದೆ. ಆಕೆಯ ನೀರನ್ನೇ ಪ್ಯಾಟಿಯವರು ಕುಡಿಯುತ್ತಾರೆ, ಎರಡೂ ದಂಡೆಯ ರೈತರು ಪಂಪು ಹಾಕಿ ಹೊಲಕ್ಕೆ ಎತ್ತುತ್ತಾರೆ. ಶಹಾಪುರ, ಸುರಪುರದ ಕೆಳಗೆ ಕೃಷ್ಣೆ. ಪ್ಯಾಟಿಯ ಗಟಾರದ ನೀರು ಮೊದಲು ಹಳ್ಳಕ್ಕೆ, ಹಳ್ಳದಿಂದ ಹೊಳೆಗೆ. ಈ ನಡುವೆ ಬರುವ ಹೊಲ ಯಾರದು? ನಮ್ಮಂಥವರದು.

ಇನ್ನೊಂದು ಮಾತು. 2020ರ ಅಕ್ಟೋಬರ್‌ನಲ್ಲಿ ಭೀಮೆ ಉಕ್ಕಿ ದಂಡೆಯ ಊರುಗಳಿಗೆ ನೀರು ನುಗ್ಗಿದ್ದನ್ನು ಮರೆಯಬಾರದು. ಪ್ಯಾಟಿ ಬೆಳೆದಾಗ ಮೊದಲು ಸೈಟು ಬೀಳುವುದು ಅಗ್ಗದ ತಗ್ಗು ಜಾಗದಲ್ಲಿ, ಹಳ್ಳದ ಬದುವಿನಲ್ಲಿ. ಹಳ್ಳದ ಮೈ ಸಣ್ಣದಾದರೆ ಮಳೆ ನೀರು ಮೇಲಿನ ಹೊಲಕ್ಕೆ ಒತ್ತಿ ನಿಲ್ಲುತ್ತದೆ. ಎರಿ ಭೂಮಿಯಲ್ಲಿ ಮೂರು ದಿನ ನೀರು ನಿಂತರೆ ತೊಗರಿಗೆ ಸಿಡಿ ರೋಗ ಬಂತೆಂದೇ ಲೆಕ್ಕ.

ಸೇರುವ ಮೊದಲು ಮಾಡಬೇಕಾದದ್ದು

ನಾನು ಏಳನೇ ತನಕ ಓದಿದವನು, ಕಾಯ್ದೆ ಪಂಡಿತನಲ್ಲ. ಅಲ್ಲಿನವರು ಹೇಳಿದ್ದು, ಇಲ್ಲಿ ಬಂದು ತಿಳಿದವರ ಹತ್ತಿರ ಕೇಳಿದ್ದು ಕೂಡಿಸಿ ಬರೆದಿದ್ದೇನೆ.

1. ಊರು ಸೇರಿಸುವ ಮೊದಲು ಸರಕಾರ ಕರಡು ಆದೇಶ ಹೊರಡಿಸಿ ತಕರಾರು ಕೇಳುತ್ತದೆ. ಅದರಲ್ಲಿ ಬರೆದ ದಿನದೊಳಗೆ ತಕರಾರು ಲಿಖಿತ ಕೊಡಬೇಕು, ಸ್ವೀಕೃತಿ ಸಹಿ, ತಾರೀಖು ಹಾಕಿಸಿಕೊಳ್ಳಬೇಕು. ಕಟ್ಟೆ ಮೇಲೆ ಮಾತಾಡಿದ್ದು ತಕರಾರು ಆಗುವುದಿಲ್ಲ.

2. ಗ್ರಾಮಸಭೆ ಕರೆಸಿ. ನಮ್ಮ ಊರು ಸೇರಿದ ಮೇಲೆ ಬಚ್ಚಲ ನೀರು ಯಾವ ದಾರಿಯಲ್ಲಿ ಹೋಗುತ್ತದೆ, ಎಲ್ಲಿ ಶುದ್ಧ ಆಗುತ್ತದೆ, ಯಾವ ಹಳ್ಳಕ್ಕೆ ಬೀಳುತ್ತದೆ ಅಂತ ನಕಾಶೆ ಕೇಳಿ. ಠರಾವು ಬರೆಸಿ. ಸೇರುವ ಊರಿನವರಷ್ಟೇ ಅಲ್ಲ, ಆ ಹಳ್ಳದ ಕೆಳಗಿನ ಊರಿನವರೂ ಇದನ್ನು ಕೇಳಬೇಕು. ಅವರ ಪಂಚಾಯಿತಿ ಇರುವ ತನಕ ಅವರಿಗೆ ಬಾಯಿ ಇದೆ.

3. ಗಾಯರಾಣ, ಕೆರೆ, ಹಳ್ಳ, ಸ್ಮಶಾನ, ಬಂಡಿದಾರಿ ಇವನ್ನು ಈಗಲೇ ಸರ್ವೆ ಮಾಡಿಸಿ ಗಡಿಕಲ್ಲು ಹಾಕಿಸಿ. ಪ್ಯಾಟಿ ಜಾಗ ಆದ ಮೇಲೆ ಒಂದು ಗುಂಟೆಗೂ ಹತ್ತು ಮಂದಿ ಹಕ್ಕುದಾರರು ಹುಟ್ಟುತ್ತಾರೆ.

4. ಮನೆ, ಕಣ, ಹಿತ್ತಲದ ಕಾಗದ ಸರಿ ಮಾಡಿಸಿಕೊಳ್ಳಿ. ಪಂಚಾಯಿತಿಯ ಇ-ಸ್ವತ್ತು ನಮೂನೆ ಇಲ್ಲದೆ ಒಳಗೆ ಹೋದರೆ ಮುಂದೆ ಖಾತೆಗೆ ಅಲೆದಾಟ. ಹೊಲದ ಪಹಣಿ ಹೊಲದ್ದಾಗೇ ಇರುತ್ತದೆ. ಸೇರಿದ ಮಾತ್ರಕ್ಕೆ ಅದು ಸೈಟು ಆಗುವುದಿಲ್ಲ. ಯಾರಾದರೂ ಹಾಗಂತ ಹೇಳಿ ಅಡ್ವಾನ್ಸ್ ಕೊಡಲು ಬಂದರೆ ಹುಷಾರು.

5. ಉದ್ಯೋಗ ಖಾತ್ರಿ ಕೆಲಸ ಹಳ್ಳಿಗೆ ಮಾತ್ರ. 2005ರ ಕಾಯ್ದೆಯ 100 ದಿನವೂ ಹಾಗೇ, 2025ರ ಡಿಸೆಂಬರಿನ ಹೊಸ ಕಾಯ್ದೆಯ 125 ದಿನವೂ ಹಾಗೇ. ನಗರಸಭೆಗೆ ಸೇರಿದ ಊರಿನವರಿಗೆ ಅದು ಇಲ್ಲ. ಕೃಷಿ ಹೊಂಡ, ಬದು ಹಾಕಿಸಿಕೊಳ್ಳುವುದಿದ್ದರೆ ಮೊದಲೇ ಹಾಕಿಸಿಕೊಳ್ಳಿ. ಮಕ್ಕಳಿಗೆ ನೌಕರಿಯಲ್ಲಿ ಗ್ರಾಮೀಣ ಮೀಸಲಾತಿಯೂ ಹಳ್ಳಿ ಶಾಲೆಯಲ್ಲಿ ಓದಿದವರಿಗೇ. ನಮ್ಮ ಶಾಲೆಯ ಲೆಕ್ಕ ಏನಾಗುತ್ತದೆ ಅಂತ ಕೇಳಿ ತಿಳಿದುಕೊಳ್ಳಿ.

6. ಪ್ಯಾಟಿಯ ಹಳ್ಳದ ನೀರನ್ನು ಹೊಲಕ್ಕೆ ಎತ್ತುವವರು ವರ್ಷಕ್ಕೊಮ್ಮೆ ನೀರು, ಮಣ್ಣು ಎರಡೂ ಪರೀಕ್ಷೆ ಮಾಡಿಸಿ. ಎಲ್ಲಿ ಮಾಡಿಸಬೇಕು ಅಂತ ಕವಡಿಮಟ್ಟಿ ಕೃಷಿ ವಿಜ್ಞಾನ ಕೇಂದ್ರದಲ್ಲಿ, ಇಲ್ಲವೇ ಭೀಮರಾಯನಗುಡಿ ಕೃಷಿ ಕಾಲೇಜಿನಲ್ಲಿ ಕೇಳಿದರೆ ದಾರಿ ತೋರಿಸುತ್ತಾರೆ. ಹಸಿ ತಿನ್ನುವ ಮೂಲಂಗಿ, ಸೌತೆ, ಕೊತ್ತಂಬರಿಗೆ ಆ ನೀರು ಬೇಡವೇ ಬೇಡ. ಪರೀಕ್ಷೆಯ ಕಾಗದ ಜೋಪಾನ ಇಡಿ. ಹತ್ತು ವರ್ಷದ ಮೇಲೆ ನೀರು ಯಾವಾಗ ಕೆಟ್ಟಿತು ಅಂತ ತೋರಿಸಲು ನಮ್ಮ ಕೈಯಲ್ಲಿ ಇರುವ ಸಾಕ್ಷಿ ಅದೊಂದೇ.

ಈ ಆರರಲ್ಲಿ ಎರಡನೆಯದು ಎಲ್ಲಕ್ಕಿಂತ ಮುಖ್ಯ. ರಸ್ತೆ, ದೀಪ, ನಲ್ಲಿ ಇವನ್ನು ಕೊಡುತ್ತೇವೆ ಅಂತ ಎಲ್ಲರೂ ಮೊದಲೇ ಹೇಳುತ್ತಾರೆ. ನಲ್ಲಿಯಲ್ಲಿ ಬಂದ ನೀರು ಎಲ್ಲಿಗೆ ಹೋಗುತ್ತದೆ ಅಂತ ಯಾರೂ ತಾವಾಗಿ ಹೇಳುವುದಿಲ್ಲ. ಕೇಳಿದವರಿಗೂ ಬಾಯಿ ಮಾತಿನ ಉತ್ತರ ಸಾಲದು, ಕಾಗದದ ಮೇಲೆ ಬೇಕು.

ನಮ್ಮ ಜಿಲ್ಲೆಯಲ್ಲೋ ಬೇರೆ ಕಡೆಯೋ ಹೀಗೆ ಊರು ಸೇರಿದಾಗ ಚರಂಡಿ ದಾರಿಯನ್ನು ಮೊದಲೇ ಗಟ್ಟಿ ಮಾಡಿಕೊಂಡ ರೈತರು ಇದ್ದರೆ ಹೇಗೆ ಮಾಡಿಕೊಂಡಿರಿ ಅಂತ ಪತ್ರಿಕೆಗೆ ಬರೆಯಿರಿ. ಭೀಮಾ, ಕೃಷ್ಣಾ ದಂಡೆಯ ನಮಗೆಲ್ಲ ಅದು ಬೇಕಾಗಿದೆ.